ಸರ್ ಬಾಗಿಲು ತೆರೆದ ಮಧ್ಯಾಹ್ನ

ಕಳೆದ ವಾರ ಸ್ಟುಡಿಯೋದ ಅಟ್ಟ ಸ್ವಚ್ಛ ಮಾಡುವಾಗ ಹಳೆಯ ವಿಡಿಯೋ ಕ್ಯಾಸೆಟ್ ಒಂದು ಕೈಗೆ ಬಂತು. ಡಬ್ಬಿ ತೆರೆದೊಡನೆ ಬೂಷ್ಟಿನ ವಾಸನೆ ಹೊಡೆದು, ಅದರಲ್ಲಿದ್ದ ಚಿತ್ರ ಮಾಡಿಸಿದ ನಮ್ಮ ಇಂಗ್ಲಿಷ್ ಸರ್ ನೆನಪಾದರು...

ತೊಂಬತ್ತರ ದಶಕದ ಕೊನೆ. ನಾನು ಬೈಲಹೊಂಗಲದಲ್ಲಿ ಮದುವೆಗಳ ವಿಡಿಯೋ ತೆಗೆಯುತ್ತಿದ್ದೆ. ಕಾಲೇಜಿನಲ್ಲಿ ನನಗೆ ಪಾಠ ಹೇಳಿದ್ದ ಸರ್ ಒಂದು ದಿನ ಸ್ಟುಡಿಯೋಗೆ ಬಂದವರು, ಕುರ್ಚಿ ಕೊಟ್ಟರೂ ಕೂರದೆ ಅತ್ತಿಂದಿತ್ತ ಓಡಾಡುತ್ತ, "ಒಂದ್ ಸಣ್ಣ ಸಿನಿಮಾ ಮಾಡೂಣೇನು?" ಎಂದರು. ಅವರ ಹೆಂಡತಿ ತೀರಿಕೊಂಡು ಎಂಟು ತಿಂಗಳಾಗಿತ್ತು. ತರಗತಿಯಲ್ಲಿ ಕಲಿಸುತ್ತಿದ್ದ ಹಳೆಯ ಇಂಗ್ಲಿಷ್ ಪದ್ಯವೊಂದನ್ನು ಚಿತ್ರ ಮಾಡುವ ಹಂಬಲ ಅವರದು. ಸತ್ತ ಹೆಂಡತಿ ಬಾಗಿಲು ಬಡಿದಳೆಂದು ಗಂಡ ಮತ್ತೆ ಮತ್ತೆ ಎದ್ದು ತೆರೆಯುತ್ತಾನೆ. ಹೊರಗೆ ಯಾರೂ ಇರುವುದಿಲ್ಲ.

"ಕಲಿಸೂ ಮುಂದ ಅದು ಬರೇ ಪದ್ಯ ಇತ್ತು ತಮ್ಮಾ..." ಎಂದರು.

ಅವರ ಮನೆಯಲ್ಲೇ ಚಿತ್ರೀಕರಣ. ಹಾಡಹಗಲೇ ಕಿಟಕಿಗಳಿಗೆ ಕಂಬಳಿ ಕಟ್ಟಿ ಕತ್ತಲೆ ಮಾಡಿದೆವು. ಗಂಡನ ಪಾತ್ರ ಸರ್‌ದೇ. ಬಾಗಿಲು ಬಡಿಯಲು, ಸುರೇಬಾನದಿಂದ ಅಳಿಯನನ್ನು ನೋಡಲು ಬಂದಿದ್ದ ಅವರ ಅತ್ತೆಯನ್ನು ಹೊರಗೆ ನಿಲ್ಲಿಸಿದೆವು. ಬಡಿದು, ಕ್ಯಾಮೆರಾಗೆ ಕಾಣದಂತೆ ಪಕ್ಕಕ್ಕೆ ಸರಿಯಬೇಕು, ಅಷ್ಟೇ ಕೆಲಸ.

ಸರ್‌ಗೆ ಸಮಾಧಾನವೇ ಇಲ್ಲ. ತೆರೆದರು, ಮುಚ್ಚಿದರು, "ಇನ್ನೊಂದ್ ಸಲ" ಎಂದರು. ಮತ್ತೆ ತೆರೆದರು. ಮೈಯೆಲ್ಲ ಬೆವರು, ಬಡಿತ ಕೇಳುವ ಮೊದಲೇ ಚಿಲಕಕ್ಕೆ ಕೈ ಹಾಕುತ್ತಿದ್ದರು. ಅವರು ನಟಿಸುತ್ತಿಲ್ಲವೆಂದು ಯಾವಾಗಲೋ ನನಗೆ ತಿಳಿಯಿತು. ಕ್ಯಾಮೆರಾ ನಿಲ್ಲಿಸುವ ಧೈರ್ಯ ಮಾತ್ರ ಬರಲಿಲ್ಲ.

ಎಷ್ಟನೆಯ ಸಲವೋ... ಬಾಗಿಲು ತೆರೆದಾಗ ಅತ್ತೆ ಸರಿಯಲಿಲ್ಲ. ಹೊಸ್ತಿಲಲ್ಲೇ ನಿಂತು ಮೆಲ್ಲಗೆ ಹೇಳಿದರು: "ಆಗಿನಿಂದ ಇಲ್ಲೇ ನಿಂತೇನ್ರಿ. ಒಮ್ಮಿನೂ ನನ್ನ ಕಡೆ ನೋಡವಲ್ರಿ. ಹೋದಾಕಿ ನನಗ ಮಗಳಲ್ಲೇನ್ರಿ?"

ಸರ್ ಆಗ ಅವರತ್ತ ನೋಡಿದರು. ಆಮೇಲೆ ಕೈಹಿಡಿದು ಒಳಗೆ ಕರೆತಂದು ಕೂರಿಸಿ, ನೀರು ಕೊಟ್ಟು, ಪಕ್ಕದಲ್ಲಿ ನೆಲದ ಮೇಲೆ ಕುಳಿತರು. ಎಂಟು ತಿಂಗಳಲ್ಲಿ ಅವರಿಬ್ಬರೂ ಸತ್ತವಳ ಮಾತೆತ್ತಿದ್ದು ಅದೇ ಮೊದಲಂತೆ. ನಾನು ಕಂಬಳಿ ಬಿಚ್ಚತೊಡಗಿದೆ.

ಎಡಿಟಿಂಗ್‌ಗೆ ಕುಳಿತಾಗ, "ಅತ್ತಿ ಬಂದಿದ್ದು ಪದ್ಯದಾಗ ಇಲ್ರಿ ಸರ್, ತಗಿಲೇನ್ರಿ?" ಎಂದು ಕೇಳಿದೆ.

"ಬ್ಯಾಡ. ಪದ್ಯ ಬರೆದಂವಗ ಅತ್ತಿ ಇರಲಿಲ್ಲ ಕಾಣ್ತದ," ಎಂದು ನಕ್ಕರು. ಅತ್ತೆ ಒಳಗೆ ಬರುವಲ್ಲಿಗೇ ಚಿತ್ರ ಮುಗಿಯಿತು.

ಮುಂದೆ ಸರ್ ರಾಮದುರ್ಗಕ್ಕೆ ವರ್ಗವಾದಾಗ ಅತ್ತೆಯನ್ನೂ ಜೊತೆಗೆ ಇಟ್ಟುಕೊಂಡರು. "ಬಂದು ಹೋಗು" ಎಂದು ಎರಡು ಸಲ ಕಾಗದ ಬರೆದಿದ್ದರು. ಮದುವೆ ಸೀಸನ್ ಮುಗಿಯಲಿ ಎನ್ನುತ್ತ ನಾನು ಹೋಗಲಿಲ್ಲ. ಸರ್ ತೀರಿಕೊಂಡದ್ದೂ ತಡವಾಗಿ, ಬಸ್ಸಿನಲ್ಲಿ ಸಿಕ್ಕವರೊಬ್ಬರಿಂದ ತಿಳಿಯಿತು.

ಹೋದ ವರ್ಷ ನನ್ನ ಹೆಂಡತಿ ತೀರಿಕೊಂಡಳು. ಅವಳಿಲ್ಲದ ಮನೆಯಲ್ಲಿ ಹೇಗೆ ಇರಬೇಕೆಂದು ಯಾರನ್ನಾದರೂ ಕೇಳಬೇಕೆನಿಸುತ್ತದೆ... ಕೇಳಲು ಸರ್ ಇಲ್ಲ.