ಶನಿವಾರವಾಡೆಯಿಂದ ಬದಾಮಿ ಹೌದದವರೆಗೆ

ನನ್ನ ಸೋದರತ್ತೆ ಗುಳೇದಗುಡ್ಡದಿಂದ ಬಂದು ಕಾತ್ರಜದಲ್ಲಿ ಬಸ್ಸಿಳಿದವರೇ ಚೀಲವನ್ನು ನನ್ನ ಕೈಗೆ ಕೊಟ್ಟು, "ಈ ಸಲ ನನಗ ಪುಣೆ ತೋರಸಬೇಕ ನೋಡು. ಪ್ರತಿ ಸಲ ಬರೇ ನಿಮ್ಮ ಮನಿ ಗ್ಯಾಲರಿ ತೋರಿಸಿ ಕಳಸ್ತಿ" ಎಂದರು. ಅವರು ಪ್ರಾಥಮಿಕ ಶಾಲೆಯಲ್ಲಿ ಅಕ್ಕೋರಾಗಿದ್ದವರು. ಎಷ್ಟೋ ವರ್ಷ ಒಂದೇ ಕೋಣೆಯಲ್ಲಿ ನಾಲ್ಕು ತರಗತಿಗಳನ್ನು ಕೂಡಿಸಿಕೊಂಡು ಪಾಠ ಹೇಳಿದ್ದರಿಂದ ಅವರು ಸಣ್ಣಗೆ ಮಾತಾಡಿದರೂ ಎದುರುಮನೆಯವರು ಬಾಗಿಲಿಗೆ ಬಂದು ನಿಲ್ಲುತ್ತಾರೆ. ಬಸ್ ನಿಲ್ದಾಣದಲ್ಲಿದ್ದ ರಿಕ್ಷಾದವರೆಲ್ಲ ನಮ್ಮತ್ತ ತಿರುಗಿದರು.

ಅತ್ತೆ ಹೇಳಿದ್ದು ಸುಳ್ಳೇನಲ್ಲ. ಮದುವೆಯಾಗಿ ಬಂದಾಗಿನಿಂದ ನಾನು ಈ ಊರಿನಲ್ಲೇ ಇದ್ದೇನೆ. ಆದರೆ ನನ್ನ ಪುಣೆ ಎಂದರೆ ಕಾತ್ರಜದ ಮನೆ, ನಸುಕಿನಲ್ಲಿ ಬರುವ ಕಂಪನಿ ಬಸ್ಸು, ರಾಂಜಣಗಾಂವದ ಕಾರ್ಖಾನೆಯಲ್ಲಿ ಸರಕು ಕಳಿಸುವ ವಿಭಾಗದ ಒಂದು ಮೇಜು, ಮತ್ತೆ ಅದೇ ಬಸ್ಸು. ಹಳೆಯ ಪೇಟೆಗಳ ಕಡೆ ಹೋಗುತ್ತಿದ್ದುದು ಯಾರದಾದರೂ ಮದುವೆಗೆ ಸೀರೆ ತರುವುದಿದ್ದರೆ ಮಾತ್ರ. ಅಂಗಡಿಯ ಬೋರ್ಡು ನೋಡಿಕೊಂಡು ಹೋಗುವುದು, ಅದನ್ನೇ ನೋಡಿಕೊಂಡು ಬರುವುದು. ಅದರ ಮೇಲಿನ ಮಾಳಿಗೆಯನ್ನು ತಲೆಯೆತ್ತಿ ನೋಡಿದ ನೆನಪಿಲ್ಲ.

ಹಾಗಾಗಿ ಭಾನುವಾರ ಬೆಳಗಿನ ಒಂದು ನಡಿಗೆಗೆ ಫೋನಿನಲ್ಲೇ ನಮ್ಮಿಬ್ಬರ ಹೆಸರು ಕೊಟ್ಟೆ. ಗೈಡ್ ಒಬ್ಬರು ಹಳೆಯ ಪೇಟೆಗಳನ್ನು ಕಾಲ್ನಡಿಗೆಯಲ್ಲಿ ತೋರಿಸುತ್ತಾರಂತೆ. ನನ್ನ ಗಂಡ ನಕ್ಕರು. "ಇಷ್ಟ ವರ್ಷ ಇದ್ದ ಊರಾಗ ನಿನಗ ದಾರಿ ತೋರಸಾಕ ಮಂದಿ ಬೇಕೇನ?" ಎಂದು ಹೇಳಿ, ಪಂಪ್‌ಸೆಟ್ಟಿನ ವ್ಯವಹಾರಕ್ಕೆಂದು ಶಿರೂರಿಗೆ ಹೊರಟುಹೋದರು. ನಾನು, ಅತ್ತೆ ಇಬ್ಬರೇ ಸಿಟಿ ಬಸ್ಸು ಹತ್ತಿದೆವು.

ಪೇಶ್ವೆಯರ ಹಳೆಯ ಅರಮನೆ ಶನಿವಾರವಾಡೆಯ ಮುಂದೆ ನಮ್ಮ ತಂಡ ನಿಂತಿತ್ತು. ಕೋಥರೂಡದ ಒಂದು ಮರಾಠಿ ಸಂಸಾರ, ನಾಗಪುರದ ಕಾಲೇಜು ಹುಡುಗಿಯರು, ಹಿಂಜವಡಿಯಲ್ಲಿ ಕೆಲಸ ಮಾಡುವ ಬೆಂಗಳೂರಿನ ಗಂಡ ಹೆಂಡತಿ. ಗೈಡ್ ಇಪ್ಪತ್ತೈದರ ಆಸುಪಾಸಿನ ಹುಡುಗಿ. ಇತಿಹಾಸ ಓದಿದವಳು. ಕುತ್ತಿಗೆಗೆ ದುಪ್ಪಟ್ಟಾ ಸುತ್ತಿಕೊಂಡಿದ್ದಳು, ಮಾತಾಡಿದರೆ ಗೊರಗೊರ ಸದ್ದು. ವಾರವೆಲ್ಲ ಶಾಲಾ ಮಕ್ಕಳಿಗೆ ಊರು ತೋರಿಸಿ ಗಂಟಲು ಕೆಟ್ಟಿದೆ, ಸಂಭಾಳಿಸಿಕೊಳ್ಳಿ ಎಂದು ಮರಾಠಿಯಲ್ಲಿ ಕೇಳಿಕೊಂಡಳು.

ಅತ್ತೆಗೆ ಮರಾಠಿ ಬರುವುದಿಲ್ಲ. ನಾನು ಅವರ ಕಿವಿಯ ಹತ್ತಿರ ಬಾಗಿ ಕನ್ನಡದಲ್ಲಿ ಹೇಳುತ್ತ ಹೋದೆ. ಹೆಬ್ಬಾಗಿಲು ಉತ್ತರಕ್ಕೆ, ದಿಲ್ಲಿಯ ಕಡೆ ಮುಖ ಮಾಡಿದೆ. ಕದದ ತುಂಬ ಉಕ್ಕಿನ ಮೊಳೆಗಳು, ಒಂದೊಂದೂ ಭರ್ಜಿಯ ಮೊನೆಯ ಹಾಗೆ.

"ಇಷ್ಟ ಎತ್ತರಕ್ಕ ಯಾಕ ಬಡದಾರ?"

"ಆನಿ ಬಂದು ಹಣಿಲೆ ಗುದ್ದಬಾರದಂತ ರೀ ಅತ್ತಿ."

"ಅಯ್ಯ! ಪಾಪ, ಆನಿಗೇನ ಗೊತ್ತು ಯಾರ ಮನಿ ಅಂತ" ಎಂದರು ಅತ್ತೆ. ಅವರ ಸಣ್ಣ ದನಿಗೇ ಎಲ್ಲರೂ ತಿರುಗಿ ನೋಡಿದರು.

ಆಮೇಲೆ ಗೈಡ್ ಇಲ್ಲಿದ್ದ ಎಳೆಯ ಪೇಶ್ವೆಯೊಬ್ಬನ ಕಥೆ ಹೇಳಿದಳು. ಕೊಲೆಗಡುಕರು ಬೆನ್ನಟ್ಟಿದಾಗ ಅವನು ಕೋಣೆಯಿಂದ ಕೋಣೆಗೆ ಓಡಿ, ಕಾಪಾಡು ಎಂದು ಚಿಕ್ಕಪ್ಪನನ್ನು ಕೂಗಿಕೊಂಡನಂತೆ. ನಾನೂ ಹೇಳುತ್ತ ಬಂದೆ. ಅತ್ತೆ ನನ್ನ ತೋಳು ಹಿಡಿದು, "ಕಾಕಾ ಬಂದನೋ ಇಲ್ಲೋ?" ಎಂದರು. ಉತ್ತರ ನನಗೆ ಗೊತ್ತಿತ್ತು. ಆದರೂ ತಟ್ಟನೆ ಹೇಳಲಿಲ್ಲ. ಎಂದೋ ಸುಟ್ಟುಹೋದ ಆ ಮಹಲಿನ ಕಲ್ಲಿನ ಗೋಡೆಯತ್ತ ಒಂದು ಗಳಿಗೆ ನೋಡಿ, ಅತ್ತೆಯ ಕಣ್ಣು ಇನ್ನಷ್ಟು ಅಗಲವಾಗುವ ತನಕ ಕಾದು, "ಕಾಕಾ ಅಲ್ಲೇ ಇದ್ದನ್ರಿ. ಇದ್ದರೂ ಬಿಡಸಲಿಲ್ಲ" ಎಂದೆ. ಅತ್ತೆ ಬಾಯಿಯ ಮೇಲೆ ಕೈ ಇಟ್ಟುಕೊಂಡರು. ನನಗೆ ಮೈ ಜುಮ್ಮೆಂದಿತು. ಕಥೆಗಿಂತ ಹೆಚ್ಚಾಗಿ, ಅದನ್ನು ನಾನು ಹೇಳಿದ ರೀತಿಗೆ!

ಅಷ್ಟರಲ್ಲಿ ಬೆಂಗಳೂರಿನ ಹುಡುಗಿ ಹತ್ತಿರ ಬಂದಳು. "ಆಂಟಿ, ನೀವು ಹೇಳ್ತಿರೋದು ಸೂಪರ್ ಆಗಿದೆ. ನಮಗೂ ಮರಾಠಿ ಅಷ್ಟಕ್ಕಷ್ಟೆ. ಸ್ವಲ್ಪ ಜೋರಾಗಿ ಹೇಳಿ ಪ್ಲೀಸ್" ಎಂದಳು. ಹೀಗೆ ಕಸಬಾ ಗಣಪತಿಯ ಗುಡಿ ತಲುಪುವ ಹೊತ್ತಿಗೆ ನನ್ನ ಹಿಂದೆ ಮೂವರು ಕೇಳುಗರಿದ್ದರು.

ಗುಡಿಯಿಂದ ನಾವು ತಾಂಬಟರ ಓಣಿಗೆ ನಡೆದೆವು. ತಾಂಬಟರೆಂದರೆ ತಾಮ್ರದ ಪಾತ್ರೆ ಬಡಿಯುವವರು. ಓಣಿ ಕಣ್ಣಿಗೆ ಬೀಳುವ ಮೊದಲೇ ಸದ್ದು ಕಿವಿಗೆ ಬಿತ್ತು. ಟಣಟಣ, ಟಣಟಣ, ಒಂದು ಮನೆಯ ತಾಳಕ್ಕೆ ಇನ್ನೊಂದು ಮನೆಯದು ಸೇರಿ ಇಡೀ ಓಣಿಯೇ ಒಂದು ವಾದ್ಯದಂತೆ ಮೊಳಗುತ್ತಿತ್ತು. ಬಾಗಿಲೊಳಗೆ ಕೆಂಪಗೆ ಹೊಳೆಯುವ ಹಂಡೆಗಳು, ಕೊಡಗಳು. ಒಬ್ಬರು ಬಂಬವೊಂದನ್ನು ತೊಡೆಗೆ ಆನಿಸಿಕೊಂಡು ಸುತ್ತಿಗೆಯಿಂದ ಚುಕ್ಕಿ ಮೂಡಿಸುತ್ತಿದ್ದರು. "ಯವ್ವಾ, ಬಂಬ! ನಮ್ಮ ಬಚ್ಚಲದಾಗ ನೀರ ಕಾಸತಿದ್ದ ಬಂಬ!" ಎಂದು ಅತ್ತೆ ಕೂಗಿದರು. ಸುತ್ತಿಗೆ ಹಿಡಿದಿದ್ದವರು ತಲೆಯೆತ್ತಿ, "ಬಂಬಚ್!" ಎಂದು ನಕ್ಕರು. ಎರಡೂ ಭಾಷೆಯಲ್ಲಿ ಒಂದೇ ಮಾತು. ಇಲ್ಲಿ ದುಭಾಷಿಯ ಕೆಲಸವೇ ಇರಲಿಲ್ಲ.

ಆದರೆ ಆ ಸದ್ದೇ ನಮ್ಮ ಗೈಡಿಗೆ ಮುಳುವಾಯಿತು. ಸುತ್ತಿಗೆಗಳ ಮೇಲೆ ದನಿಯೆತ್ತಿ ಹೇಳಲು ಹೋದಳು. ಮೊದಲು ಕೀರಲು ಸ್ವರ ಬಂತು, ಆಮೇಲೆ ಬರೀ ಗಾಳಿ. ಬಾಯಿ ಆಡುತ್ತಿತ್ತು, ಮಾತು ಬರುತ್ತಿರಲಿಲ್ಲ. ಗಂಟಲು ಹಿಡಿದುಕೊಂಡು ನಿಂತವಳ ಕಣ್ಣು ತುಂಬಿ ಬಂತು. ಅತ್ತೆ ಚೀಲದಿಂದ ಕಲ್ಲುಸಕ್ಕರೆ, ಲವಂಗ ತೆಗೆದು ಅವಳ ಬಾಯಿಗೆ ಹಾಕಿದರು. ಕೋಥರೂಡದ ಯಜಮಾನರು, ಇವತ್ತಿಗೆ ಇಷ್ಟೇ ಸಾಕು, ಹುಡುಗಿಗೆ ತ್ರಾಸಾಗುವುದು ಬೇಡ ಎಂದರು. ನಿಜವಾಗಿ ಒಳ್ಳೆಯ ಮಾತೇ. ಆದರೆ ನನಗೆ ಎಂಥ ನಿರಾಸೆ! ಹಬ್ಬದೂಟ ಬಡಿಸಿ ಎಲೆ ಎತ್ತಿದಂತಾಯಿತು.

ಗೈಡ್ ಒಪ್ಪದೆ ತಲೆ ಅಲ್ಲಾಡಿಸಿದಳು. ನನ್ನ ಹತ್ತಿರ ಬಂದು ಕೈ ಹಿಡಿದು ಪಿಸುಗುಟ್ಟಿದಳು. "ತಾಈ, ಮೀ ಕಾನಾತ ಸಾಂಗತೆ, ತುಮ್ಹಿ ಮೋಠ್ಯಾನಂ ಸಾಂಗಾ." ಅಕ್ಕಾ, ನಾನು ಕಿವಿಯಲ್ಲಿ ಹೇಳುತ್ತೇನೆ, ನೀವು ಜೋರಾಗಿ ಹೇಳಿ, ಎಂದು.

ಆಫೀಸಿನ ಮೀಟಿಂಗಿನಲ್ಲಿ ಏನಾದರೂ ಹೇಳಬೇಕಾದರೆ ಅದನ್ನು ನುಂಗಿಕೊಂಡು ಬಂದು ಮೇಜಿನಿಂದ ಇಮೇಲ್ ಕಳಿಸುವವಳು ನಾನು. ನಡುಬೀದಿಯಲ್ಲಿ, ಅದೂ ಪುಣೆಯ ಪೇಟೆಯ ಮಂದಿಯ ಮುಂದೆ, ನನ್ನ ಮರಾಠಿಯಲ್ಲಿ? "ನನಗಾಗೂದಿಲ್ರಿ ಅತ್ತಿ" ಎಂದೆ.

"ಯಾಕಾಗೂದಿಲ್ಲ? ಮುಂಜಾನಿಯಿಂದ ನನಗ ಹೇಳಿದ್ಯಲ್ಲ, ಅದನ್ನ ಹೇಳು. ದನಿ ಗಂಟಲಿಂದ ಬ್ಯಾಡ, ಹೊಟ್ಟಿಯಿಂದ ತಗಿ. ಮುಂದ ನಿಂತವರನ್ನ ನೋಡಬ್ಯಾಡ, ಎಲ್ಲಾರಕಿಂತ ಹಿಂದ ನಿಂತಾರಲ್ಲ, ಅವರ ಮುಖ ನೋಡಿ ಹೇಳು."

ಹಿಂದೆ ನಿಂತಿದ್ದವಳು ನಾಗಪುರದ ಒಬ್ಬ ಹುಡುಗಿ. ಅವಳ ಮುಖ ನೋಡಿಕೊಂಡು ಶುರುಮಾಡಿದೆ. ಮೊದಲ ವಾಕ್ಯ ನಡುಗಿತು. ಎರಡನೆಯದರಲ್ಲಿ ಪುಲ್ಲಿಂಗ ಸ್ತ್ರೀಲಿಂಗ ಅದಲುಬದಲಾಯಿತು. ಹುಡುಗಿಯರು ನಕ್ಕರು, ನಾನೂ ನಕ್ಕೆ. ನಕ್ಕದ್ದೇ ಒಳ್ಳೆಯದಾಯಿತು, ಹೆದರಿಕೆ ಅಲ್ಲೇ ಬಿದ್ದುಹೋಯಿತು. ಗೈಡ್ ಕಿವಿಯಲ್ಲಿ ಒಂದು ಮಾತು ಉಸುರುವಳು, ನಾನು ಅದನ್ನು ಮರಾಠಿಯಲ್ಲಿ ಒಮ್ಮೆ, ಕನ್ನಡದಲ್ಲಿ ಒಮ್ಮೆ ಹೇಳುವೆ. ಕೆಲವು ಸಲ ಅವಳು ಅರ್ಧ ಹೇಳುವಷ್ಟರಲ್ಲೇ ಉಳಿದದ್ದು ನನ್ನ ಬಾಯಿಂದ ಬಂದುಬಿಡುತ್ತಿತ್ತು. ಅವಳು ಹೆಬ್ಬೆರಳು ಎತ್ತಿ ತೋರಿಸುವಳು. ಬೀದಿಯ ಜನ ನಿಂತು ಕೇಳತೊಡಗಿದರು. ಹಾಲಿನ ಕ್ಯಾನು ಹೊತ್ತ ಸೈಕಲ್ಲಿನವರೊಬ್ಬರು ಒಂದು ಕಾಲು ನೆಲಕ್ಕೆ ಊರಿ, ನಾನು ಮುಗಿಸುವ ತನಕ ಕದಲಲಿಲ್ಲ. ನನಗೆ ಓಡಬೇಕೆನಿಸುತ್ತಿತ್ತು, ಮುಂದಿನ ಓಣಿಗೆ, ಅದರ ಮುಂದಿನ ಓಣಿಗೆ.

ತುಳಶಿಬಾಗದ ಸಂದಿಯಲ್ಲಿ ಆಗಷ್ಟೆ ಅಂಗಡಿಗಳು ತೆರೆಯುತ್ತಿದ್ದವು. ಬಳೆ, ಹಿತ್ತಾಳೆಯ ದೇವರು, ಮಕ್ಕಳಾಟದ ಪುಟ್ಟ ಒಲೆ ಪಾತ್ರೆಗಳು. ಒಂದು ಅಂಗಡಿಯ ಮುಂದೆ ರವಿಕೆಯ ಖಣಗಳ ಸಾಲು ತೂಗುಹಾಕಿದ್ದರು. ಅತ್ತೆ ಅಲ್ಲೇ ನಿಂತುಬಿಟ್ಟರು.

"ಇವು ನಮ್ಮೂರವು!"

ಗೈಡ್ ನನ್ನತ್ತ ನೋಡಿದಳು. ಈಗ ಮಾತು ಕನ್ನಡದಿಂದ ಮರಾಠಿಗೆ ಹರಿಯಬೇಕಿತ್ತು. ಅತ್ತೆ ಒಂದು ಖಣವನ್ನು ಅಂಗೈಮೇಲೆ ಹರಡಿಕೊಂಡು ಹೇಳಿದರು: "ನಮ್ಮ ಮನಿ ಬಾಜೂಕನ ಮಗ್ಗ ಇತ್ತು. ಆ ಸಪ್ಪಳದಾಗನ ನಾ ಅಕ್ಷರ ಕಲತಾಕಿ. ಈ ಹೂವಿಗೆ ನಮ್ಮಲ್ಲೆ ಆನಿ ಹೆಜ್ಜಿ ಅಂತಾರ. ನಮ್ಮವ್ವ ಸೀರಿ ಎಂಥಾದರ ಉಡಲಿ, ಕುಬಸ ಮಾತ್ರ ಖಣದ್ದನ ಇರಬೇಕು." ನಾನು ಮರಾಠಿಯಲ್ಲಿ ಹೇಳಿದೆ. ಕೋಥರೂಡದ ಯಜಮಾನರ ಹೆಂಡತಿ ಮುಂದೆ ಬಂದು, ತಮ್ಮ ಅಜ್ಜಿಯೂ ಖಣದ ಕುಬಸವನ್ನೇ ತೊಡುತ್ತಿದ್ದರು, ಆದರೆ ಅದು ಎಲ್ಲಿ ನೇಯುವುದೆಂದು ತಾವು ಯಾವತ್ತೂ ಕೇಳಿರಲಿಲ್ಲ ಎಂದರು. ಇಬ್ಬರೂ ಒಂದೇ ಖಣದ ಎರಡು ತುದಿ ಹಿಡಿದುಕೊಂಡು ಮಾತಿಗೆ ನಿಂತರು, ಒಬ್ಬರು ಕನ್ನಡದಲ್ಲಿ, ಒಬ್ಬರು ಮರಾಠಿಯಲ್ಲಿ. ನನಗಾಗಿ ಕಾಯುವ ವ್ಯವಧಾನ ಇಬ್ಬರಿಗೂ ಇರಲಿಲ್ಲ. ಅವರನ್ನು ಅಲ್ಲಿಂದ ಹೊರಡಿಸಲು ಬಹಳ ಕಷ್ಟವಾಯಿತು.

ಮಂಡಈ ಮಾರುಕಟ್ಟೆಯ ತರಕಾರಿ ರಾಶಿಗಳನ್ನು ದಾಟಿ ಕೊನೆಯ ತಾಣಕ್ಕೆ ಬಂದೆವು. ಗೈಡ್ ಕಿವಿಯಲ್ಲಿ ಹೇಳಿದ ಹೆಸರನ್ನು ನಾನು ಜೋರಾಗಿ ಹೇಳಿದೆ, "ಬದಾಮಿ ಹೌದ!" ಹೌದವೆಂದರೆ ನೀರಿನ ತೊಟ್ಟಿ, ಅದು ನಮ್ಮ ಕಡೆಯೂ ಹೌದವೇ. ಅತ್ತೆಯಂತೂ ಕುಣಿದಾಡುವುದೊಂದು ಬಾಕಿ. "ಬದಾಮಿ? ನಮ್ಮ ಬದಾಮಿ ಇಲ್ಲಿಗ್ಯಾಕ ಬಂತು?" ಗುಳೇದಗುಡ್ಡದಿಂದ ಬದಾಮಿ ಕೂಗಳತೆಯಲ್ಲಿದ್ದಂತೆ ಅವರಿಗೆ. ಗೈಡ್ ನಗುತ್ತ ಬೆರಳಿನಿಂದ ಗಾಳಿಯಲ್ಲಿ ಒಂದು ಬಾದಾಮಿ ಬೀಜ ಬರೆದು ತೋರಿಸಿದಳು. ತೊಟ್ಟಿಯ ಆಕಾರದಿಂದ ಬಂದ ಹೆಸರೆಂದು ಹೇಳುತ್ತಾರಂತೆ. "ಅವರೇನರ ಅನ್ನಲಿ, ನಾ ಮಾತ್ರ ಊರಾಗ ನಮ್ಮ ಬದಾಮಿನ ಅಂತ ಹೇಳಾಕಿ" ಎಂದರು ಅತ್ತೆ.

ಪೇಶ್ವೆಯರ ಕಾಲದಲ್ಲಿ ಇಂಥ ಹೌದಗಳು ಪೇಟೆ ಪೇಟೆಯಲ್ಲಿದ್ದವು, ಜನ ಇಲ್ಲಿಂದಲೇ ನೀರು ಹೊರುತ್ತಿದ್ದರು ಎಂದು ಹೇಳಿ ಮುಂದಿನ ಮಾತಿಗೆ ಕಿವಿಗೊಟ್ಟೆ. ಅವಳು ಪಿಸುಗುಟ್ಟಿದಳು. ಕೇಳಿದ್ದು ಸರಿಯೇ ಎಂದು ನನಗೆ ಅನುಮಾನ.

"ಕುಠೂನ?" ಎಂದೆ. ಎಲ್ಲಿಂದ?

"ಕಾತ್ರಜಹೂನ, ತಾಈ."

ಕಾತ್ರಜದಿಂದ! ಊರಿನ ದಕ್ಷಿಣದ ಗುಡ್ಡದ ಬುಡದಲ್ಲಿ ಕೆರೆ ಕಟ್ಟಿ, ಅಲ್ಲಿಂದ ನೆಲದೊಳಗೆ ಕಲ್ಲುಗಾರೆಯ ಸುರಂಗ ತೋಡಿ, ಒಬ್ಬ ಮನುಷ್ಯ ನಡೆದುಹೋಗಬಹುದಾದಷ್ಟು ಎತ್ತರದ ಸುರಂಗ, ಪಂಪು ಗಿಂಪು ಏನೂ ಇಲ್ಲದೆ ಬರೀ ಇಳಿಜಾರಿನ ಬಲದಿಂದ ಈ ಪೇಟೆಗಳ ತನಕ, ಶನಿವಾರವಾಡೆಯ ಕಾರಂಜಿಯ ತನಕ ನೀರು ತಂದಿದ್ದರು. ನಾನು ಸಂಜೆ ಕಂಪನಿ ಬಸ್ಸಿಳಿದು ಯಾವ ಕೆರೆಯ ದಂಡೆಯಲ್ಲಿ ತರಕಾರಿ ಚೀಲ ಹಿಡಿದುಕೊಂಡು ಹೋಗುತ್ತೇನೋ, ಆ ಕೆರೆಯಿಂದ. ಊರ ಹೊರಗಿನವಳು, ಹೈವೇ ಅಂಚಿನವಳು ಎಂದುಕೊಂಡಿದ್ದೆ. ಈ ಪೇಟೆಗಳು ಕುಡಿದ ನೀರು ನಮ್ಮ ಬಾಗಿಲ ಮುಂದಿನದು! ಗುಂಪು ನನ್ನ ಬಾಯಿ ನೋಡುತ್ತ ನಿಂತಿದೆ ಎಂಬುದೂ ಮರೆತುಹೋಯಿತು. "ನಾ ಕಾತ್ರಜದಾಕಿ ರೀ! ಕಾತ್ರಜದಾಕಿ!" ಎಂದು ಅಪ್ಪಟ ಕನ್ನಡದಲ್ಲಿ ಕೂಗಿಬಿಟ್ಟೆ. ಯಾರಿಗೆ ಏನು ತಿಳಿಯಿತೋ, ಎಲ್ಲರೂ ಚಪ್ಪಾಳೆ ತಟ್ಟಿದರು. ಆಮೇಲೆ ಸಾವರಿಸಿಕೊಂಡು ಮರಾಠಿಯಲ್ಲಿ ವಿವರಿಸಿದೆ.

ನಡಿಗೆ ಮುಗಿದ ಮೇಲೆ ಉಡುಪಿ ಕಡೆಯವರ ಹೋಟೆಲೊಂದರಲ್ಲಿ ಗೈಡನ್ನು ಕೂರಿಸಿಕೊಂಡು ಅರಿಶಿನ ಹಾಕಿದ ಬಿಸಿ ಹಾಲು ಕುಡಿಸಿದೆವು. ಬೆಂಗಳೂರಿನ ದಂಪತಿಯೂ ಜೊತೆಗೆ ಬಂದಿದ್ದರು. ನಮ್ಮ ಗದ್ದಲ ಕೇಳಿ ಹೋಟೆಲಿನ ಮಾಲಕರು ಗಲ್ಲಾಪೆಟ್ಟಿಗೆಯ ಹಿಂದಿನಿಂದ ಎದ್ದು ಬಂದರು. "ಎಂತದು, ಪೇಟೆ ತೋರಿಸುವುದು ಕನ್ನಡದಲ್ಲಿಯೂ ಉಂಟಾ? ಹಾಗಾದ್ರೆ ನಮ್ಮ ಮನೆಯವರನ್ನೆಲ್ಲ ಕಳಿಸ್ತೇನೆ ಮಾರಾಯ್ರೆ" ಎಂದರು. ಇಲ್ಲ ಎನ್ನಲು ಬಾಯಿ ತೆರೆದೆ. ಅಷ್ಟರಲ್ಲಿ ಅತ್ತೆ, "ಉಂಟ್ರಿ, ಉಂಟು. ಇಕಿನ ಮಾಡಾಕಿ" ಎಂದು ಅವರದೇ ಮಾತಿನಲ್ಲಿ ಉತ್ತರ ಕೊಟ್ಟುಬಿಟ್ಟರು. ಗೈಡಿಗೆ ಬೆಂಗಳೂರಿನ ಹುಡುಗಿ ಅದನ್ನು ಇಂಗ್ಲಿಷಿನಲ್ಲಿ ಹೇಳಿದಳು. ಗೈಡ್ ಹಾಲಿನ ಲೋಟ ಕೆಳಗಿಟ್ಟು, ಆಗಲಿ ಎಂದು ಜೋರಾಗಿ ತಲೆಯಾಡಿಸಿದಳು.

ಮುಂದಿನ ಭಾನುವಾರಗಳಲ್ಲಿ ಅವಳ ಹಿಂದೆ ತಿರುಗಿದೆ. ದನಿ ಬಂದ ಮೇಲೆ ಅವಳೆಷ್ಟು ಚಂದ ಹೇಳುತ್ತಾಳೆಂದು ಆಗ ಗೊತ್ತಾಯಿತು. ಮನೆಯಲ್ಲಿ ಅತ್ತೆಯೇ ಪ್ರೇಕ್ಷಕರು. ನಾನು ಹೇಳುವುದು, ಅವರು ಅಡ್ಡ ಪ್ರಶ್ನೆ ಕೇಳುವುದು. ಊರಿಗೆ ಹೊರಡುವುದನ್ನು ಎರಡು ಸಲ ಮುಂದೂಡಿದರು. ಶಿರೂರಿನ ವ್ಯವಹಾರ ಮುಗಿಸಿ ಬಂದ ನನ್ನ ಗಂಡ ಒಂದು ದಿನ ಬಾಗಿಲಲ್ಲೇ ನಿಂತು ಪೂರ್ತಿ ಕೇಳಿ, "ಆನಿ ವಿಷಯ ಇನ್ನೊಮ್ಮೆ ಹೇಳು" ಎಂದರು. ನನಗೆ ಅಷ್ಟು ಸಾಕಾಯಿತು.

ನನ್ನ ಮೊದಲ ಕನ್ನಡ ನಡಿಗೆಗೆ ಹೋಟೆಲಿನವರ ಸಂಸಾರವೂ, ವಿಜಯಪುರದ ಕಡೆಯಿಂದ ಬಂದು ಇಲ್ಲೇ ನೆಲೆಸಿದ ಕೆಲವು ಮನೆಯವರೂ ಬಂದಿದ್ದರು. ದನಿ ಹೊಟ್ಟೆಯಿಂದಲೇ ಬಂತು. ಕಸಬಾ ಪೇಟೆಯಲ್ಲಿ ಒಂದು ಹಳೆಯ ವಾಡೆಯ ಮುಂದೆ ಹೋಗುತ್ತಿದ್ದಾಗ ಹೆಂಗಸರೊಬ್ಬರು ನಿಂತು, ಬಾಗಿಲ ಚೌಕಟ್ಟಿನ ಮೇಲೆ ಕೆತ್ತಿದ್ದ ಹಕ್ಕಿಯೊಂದನ್ನು ತೋರಿಸಿ, "ಅಕ್ಕಾರ, ಇದು ಯಾವ ಹಕ್ಕಿರಿ? ಯಾಕ ಕೆತ್ತ್ಯಾರ?" ಎಂದು ಕೇಳಿದರು. ಎಲ್ಲರೂ ನನ್ನ ಮುಖ ನೋಡಿದರು. ನಾನು ಆ ಹಕ್ಕಿಯನ್ನು ಮೊದಲ ಸಲ ನೋಡುತ್ತಿದ್ದೆ.

"ನನಗೂ ಗೊತ್ತಿಲ್ರಿ" ಎಂದೆ. "ಬರ್ರಿ, ಒಳಗ ಹೋಗಿ ಕೇಳೋಣು" ಎಂದು ಬಾಗಿಲು ತಟ್ಟಿದೆ.