ಮುಂದೆ ಕೂತವರು ಯಾರು

ಆಸ್ಪತ್ರೆಯಲ್ಲಿ ಅವರನ್ನು ನಂಬರಪ್ಪ ಎಂದೇ ಕರೆಯುತ್ತಿದ್ದರು. ನಿಜವಾದ ಹೆಸರು ಹೇಳಿದರೆ ಬಾಗಿಲು ಕಾಯುವವನಿಗೂ ಗೊತ್ತಾಗುತ್ತಿರಲಿಲ್ಲ. ಏಳು ತಿಂಗಳ ಹಿಂದೆ ತೀರಿಕೊಂಡರು. ಹೃದಯ ನಿಂತಿತು. ಅದಕ್ಕೂ ಒಂದು ಸಂಖ್ಯೆ ಇದೆಯಂತೆ. ಹೆಂಡತಿ ಕೇಳಲು ಹೋಗಲಿಲ್ಲ.

ಡಾಕ್ಟರು ಬರೆದದ್ದನ್ನು ಓದಿ, ಗಾಯಕ್ಕೊಂದು, ಗಾಯವಾದ ಬಗೆಗೊಂದು ಕೋಡ್ ಹಾಕುವುದು ಅವರ ಕೆಲಸ. ಎಕ್ಸ್‌ರೇ ಕೋಣೆಯ ಪಕ್ಕದಲ್ಲಿ ಕಿಟಕಿಯಿಲ್ಲದ ರೂಮು, ಒಂದು ಕಂಪ್ಯೂಟರು, ಒಂದು ಕುರ್ಚಿ. ಬೈಕಿನಿಂದ ಬಿದ್ದವರಾದರೆ ಎಲ್ಲವೂ ಕೋಡಿನಲ್ಲೇ ಬರಬೇಕು. ಗುದ್ದಿದ್ದು ನಾಯಿಗೋ ಲಾರಿಗೋ. ರಸ್ತೆಯಲ್ಲೋ, ರಸ್ತೆ ಬಿಟ್ಟು ಹೊರಗೋ. ಗಾಯವಾದವರು ಓಡಿಸುತ್ತಿದ್ದರೋ, ಹಿಂದೆ ಕೂತಿದ್ದರೋ. ಒಂದು ಅಂಕಿ ಆಚೀಚೆಯಾದರೆ ಮುಂದೆ ಕೂತವರು ಹಿಂದೆ ಹೋಗಿಬಿಡುತ್ತಾರೆ.

ಇಷ್ಟೆಲ್ಲ ಬರೆಯುವ ಮನುಷ್ಯ ಒಂದು ದಿನವೂ ಬೈಕು ಹತ್ತಿದವರಲ್ಲ. ಹಾಗಾಗಿ ತಿಳಿಯದ ಕೇಸು ಬಂದರೆ ಮನೆಯ ಬೆಂಚೇ ಬೈಕು, ಮೇಜಿನ ಅಂಚೇ ಹ್ಯಾಂಡಲ್. ಅವರು ಮುಂದೆ, ಹೆಂಡತಿ ಹಿಂದೆ. ಯಾರ ಕೇಸು, ಹೆಸರೇನು ಎಂದು ಮಾತ್ರ ಬಾಯಿ ಬಿಡುತ್ತಿರಲಿಲ್ಲ.

"ಮದುವೆಯಾಗಿ ಇಪ್ಪತ್ತು ವರ್ಷಕ್ಕಾದ್ರೂ ಗಾಡೀಲಿ ಕೂರಿಸಿದ್ರಲ್ಲ, ಪುಣ್ಯಾತ್ಮರು," ಎನ್ನುವಳು ಹೆಂಡತಿ.

"ಪೆಟ್ರೋಲೂ ಬೇಡದ ಗಾಡಿ. ಇನ್ನೇನು ಬೇಕು ನಿಂಗೆ?"

ಒಮ್ಮೆ ಅವರ ಗ್ರಹಚಾರ ಕೆಟ್ಟಿತು. ಕೋಡುಗಳಲ್ಲಿ ತಪ್ಪು ಹುಡುಕಲು ಹೊಸ ಮೇಡಂ ಬಂದಿದ್ದರು. ಒಂದೇ ತಿಂಗಳಲ್ಲಿ ಎರಡು ಬೈಕು ಕೇಸು ವಾಪಸ್ಸು ಬಂದವು.

"ಇನ್ನೊಂದು ತಪ್ಪಿದ್ರೆ ನಿಮ್ಮನ್ನ ಕೆಳಗೆ ಹಳೇ ಫೈಲ್ ರೂಮಿಗೆ ಹಾಕ್ತೀನಿ. ಕಾಗದದ ಕಟ್ಟು ಕಟ್ಟಿಕೊಂಡಿರಿ," ಎಂದರು ಮೇಡಂ.

ನಂಬರಪ್ಪನವರ ಜೀವವೆಲ್ಲ ಆ ಕುರ್ಚಿಯಲ್ಲೇ ಇತ್ತು. ಮುಖ ಸಪ್ಪಗಾಯಿತು.

ಆ ವಾರವೇ ಮೂರನೆಯ ಬೈಕು ಕೇಸು ಬಂತು. ಗಂಡ ಹೆಂಡತಿ ಇಬ್ಬರು, ಕಲ್ಲು ಕ್ವಾರಿಯೊಳಗೆ ನಿಂತಿದ್ದ ಟಿಪ್ಪರಿಗೆ ಹಿಂದಿನಿಂದ ಗುದ್ದಿದ್ದರು. ಹೆಲ್ಮೆಟ್ ಇತ್ತು, ಬದುಕಿದರು. ರಸ್ತೆಯಲ್ಲ, ಸರಿ. ದೊಡ್ಡ ಗಾಡಿ, ಸರಿ. ಓಡಿಸಿದ್ದು ಗಂಡ ಎಂದು ಕಾಗದದಲ್ಲಿತ್ತು. ಅವನ ಮೂಗು ಮುರಿದಿತ್ತು. ಅವಳ ಎರಡೂ ಹೆಬ್ಬೆರಳು ಉಳುಕಿದ್ದವು. ನಂಬರಪ್ಪನವರಿಗೆ ಯಾಕೋ ಸಮಾಧಾನವಾಗಲಿಲ್ಲ.

ಸಂಜೆ ಮನೆಯಲ್ಲಿ ಹೆಸರು ಬಿಟ್ಟು ಕೇಸು ಹೇಳಿ, ಬೆಂಚು ಎಳೆದರು. ಹೆಂಡತಿ ಹಿಂದೆ ಕೂತಳು.

"ಟಿಪ್ಪರ್ ಬಂತು!" ಎಂದು ಕೂಗಿದರು. ಇಬ್ಬರೂ ರಪ್ಪನೆ ಮುಂದಕ್ಕೆ ವಾಲಿದರು. ಅವರು ಮೇಜಿಗೆ ಕೈಯೂರಿ ತಡೆದುಕೊಂಡರು. ಹೆಂಡತಿಗೆ ಹಿಡಿಯಲು ಏನೂ ಇರಲಿಲ್ಲ. ಅವಳ ಮೂಗು ಹೋಗಿ ಅವರ ತಲೆಗೆ ಬಡಿಯಿತು.

"ಅಯ್ಯೋ, ಹೋಯ್ತು ನನ್ನ ಮೂಗು! ತಲೆಯೇನ್ರೀ ಅದು, ಗುಂಡುಕಲ್ಲಾ?"

ಅವರು ತಮ್ಮ ಹೆಬ್ಬೆರಳು ತಿಕ್ಕಿಕೊಂಡರು. ಚುಳ್ಳೆನ್ನುತ್ತಿತ್ತು.

"ಮೂಗು ಹಿಂದಿನವರದ್ದು ಕಣೇ. ಹೆಬ್ಬೆರಳು ಮುಂದಿನವರದ್ದು."

"ಹಾಗಾದ್ರೆ ಓಡಿಸಿದ್ದು ಅವಳೇ. ಹಿಂದೆ ಕೂತಿದ್ದೆ ಅಂತ ಯಾವ ಗಂಡಸು ಹೇಳ್ಕೊಳ್ತಾನೆ? ತಿದ್ದಿ ಬರೀರಿ."

"ನೀನು ಹೇಳಿದ್ದು, ಬೆಂಚು ಹೇಳಿದ್ದು ಬರೆಯೋ ಹಾಗಿಲ್ಲ. ಡಾಕ್ಟರು ಬರೆದ್ರೆ ಮಾತ್ರ."

ಮರುದಿನ ಡಾಕ್ಟರಿಗೆ ಚೀಟಿ ಬರೆದರು. ಓಡಿಸಿದ್ದು ಯಾರು ಎಂದು ಇನ್ನೊಮ್ಮೆ ಕೇಳಿ ನೋಡಿ, ಅಷ್ಟೇ. ಮೇಡಂ ಹುಬ್ಬು ಗಂಟಿಕ್ಕಿದರು.

"ಕಾಗದದಲ್ಲಿ ನೀಟಾಗಿದೆಯಲ್ರೀ! ಡಾಕ್ಟರು ಮತ್ತೆ ಅದನ್ನೇ ಹೇಳಿದ್ರೆ ಇದನ್ನೂ ನಿಮ್ಮ ತಪ್ಪಿಗೇ ಸೇರಿಸ್ತೀನಿ, ನೋಡಿ."

"ಸೇರಿಸಿ ಮೇಡಂ," ಎಂದರು. ಚೀಟಿ ವಾಪಸ್ಸು ತೆಗೆದುಕೊಳ್ಳಲಿಲ್ಲ.

ಡಾಕ್ಟರು ವಾರ್ಡಿಗೆ ಹೋದರು. ನಂಬರಪ್ಪನವರು ಬಾಗಿಲಲ್ಲಿ ನಿಂತರು.

"ಗಾಡಿ ಓಡಿಸಿದ್ದು ಯಾರಪ್ಪ?"

"ನಾನೇ," ಎಂದ ಗಂಡ. ಮೂಗಿಗೆ ಪಟ್ಟಿ, ಮಾತು ಕೊಳಾಯಿಯೊಳಗಿಂದ ಬಂದ ಹಾಗಿತ್ತು.

ಫೈಲ್ ರೂಮಿನ ಧೂಳು ನಂಬರಪ್ಪನವರ ಕಣ್ಣ ಮುಂದೆ ಬಂತು.

ಪಕ್ಕದ ಮಂಚದಿಂದ ಅವನ ಹೆಂಡತಿ ಬಾಯಿ ಹಾಕಿದಳು. "ಹೌದು ಡಾಕ್ಟ್ರೇ, ಇವರೇ ಓಡಿಸಿದ್ದು. ಹಿಂದೆ ಕೂತು, ಬಾಯಲ್ಲಿ. ಎಡಕ್ಕೆ ತಿರುಗಿಸು, ಬಲಕ್ಕೆ ತಿರುಗಿಸು, ಬ್ರೇಕ್ ಹಾಕು! ಕೈಯಲ್ಲಿ ಓಡಿಸಿದ್ದು ಮಾತ್ರ ನಾನು."

ಇಡೀ ವಾರ್ಡು ನಕ್ಕಿತು. ಗಂಡ ಗೋಡೆ ಕಡೆ ತಿರುಗಿದ. "ಎಡಕ್ಕೆ ಅಂದಾಗ ಎಡಕ್ಕೆ ತಿರುಗಿಸಿದ್ರೆ ಇವತ್ತು ಮನೇಲಿರ್ತಿದ್ವಿ," ಎಂದು ಗೊಣಗಿದ.

ಡಾಕ್ಟರು ತಿದ್ದಿ ಬರೆದು ಸಹಿ ಹಾಕಿದರು. ಎರಡು ಅಂಕಿ ಅದಲುಬದಲಾದವು. ಮೇಡಂ ಕಾಗದವನ್ನು ಎರಡು ಸಲ ಓದಿದರು. ಸಂಜೆ ಹೊರಡುವಾಗ ಬೈಕು ಕೇಸುಗಳ ರಾಶಿಯೊಂದನ್ನು ತಂದು ನಂಬರಪ್ಪನವರ ಮೇಜಿನ ಮೇಲೆ ಇಟ್ಟರು. "ಇನ್ಮೇಲೆ ಇವನ್ನೆಲ್ಲ ನೀವೇ ನೋಡಿ," ಎಂದರು. ಹದಿನಾಲ್ಕು ಇದ್ದವು. ಮನೆಗೆ ಬಂದು ಹೆಂಡತಿಗೆ ಹೇಳಿದರು, ಲಾಟರಿ ಹೊಡೆದವರ ಹಾಗೆ.

ಆಮೇಲೆ ಒಂಬತ್ತು ವರ್ಷ ಆ ಕುರ್ಚಿಯಲ್ಲೇ ಕೂತರು. ಬೈಕಿನ ಕೇಸು ಒಂದೂ ವಾಪಸ್ಸು ಬರಲಿಲ್ಲ. ಏಣಿಯಿಂದ ಬಿದ್ದವರ ಕೇಸು ಎರಡು ಬಂದವು. ಏಣಿ ಹತ್ತಲು ಹೆಂಡತಿ ಒಪ್ಪಿರಲಿಲ್ಲ.