ಕೇಳಿದ ಮೇಲೆ ತುಂಬುವ ಕನೋಲಿ

ಮೆಲ್ಬರ್ನಿನ ಕಾರ್ಲ್ಟನ್ ಬೀದಿಗಳಲ್ಲಿ ಪ್ರವಾಸಿಗರನ್ನು ನಡೆಸಿಕೊಂಡು ಹೋಗಿ ಸಿಹಿ ತಿನ್ನಿಸುವುದು ಅಸುಂತಾಳ ಕಸುಬು. ಪ್ರತಿ ಶನಿವಾರದ ಕೊನೆಯ ನಿಲುಗಡೆ ಅಕ್ಕ ನುನ್ಸಿಯಾಳ ಅಂಗಡಿ. ತಾಯಿ ಮಣ್ಣಾದ ದಿನ, 1998ರ ಮಾರ್ಚ್ 14ರಂದು, ಅಕ್ಕತಂಗಿಯರು ಮಾತು ಬಿಟ್ಟಿದ್ದರು. ಅಕ್ಕ ಅಡುಗೆಮನೆಯಿಂದ ಹೊರಗೆ ಬರುತ್ತಿರಲಿಲ್ಲ. ಆದರೆ ಕರಿದ ಕನೋಲಿಯ ಕೊಳವೆಗೆ ಸಿಹಿಗಿಣ್ಣಿನ ಹೂರಣವನ್ನು ಗಿರಾಕಿ ಕೇಳಿದ ಮೇಲೆಯೇ ತುಂಬಬೇಕೆಂಬುದು ಅವರ ತಾಯ್ನಾಡು ಸಿಸಿಲಿಯ ಕಟ್ಟಳೆ. ತುಂಬುವ ಆ ಹತ್ತು ನಿಮಿಷ ಒಳಗಿನಿಂದ ಅಕ್ಕನ ಗುನುಗು ಕೇಳಿಸುತ್ತಿತ್ತು. ಅಸುಂತಾ ವಾರವಿಡೀ ಕಾಯುತ್ತಿದ್ದುದು ಅದಕ್ಕೇ.

2019ರ ಆಗಸ್ಟ್ 10ರಂದು ಅಂಗಡಿಯ ಹೊಸ ಕೆಲಸದಾಕೆ ತುಂಬಿದ ಕನೋಲಿಗಳ ತಟ್ಟೆಯನ್ನೇ ತಂದಿಟ್ಟಳು.

“ತಡ ಆಗ್ಬಾರ್ದು ಅಂತ ಮೊದ್ಲೇ ತುಂಬಿಟ್ಟೆ, ಅಮ್ಮ.”

ಅಸುಂತಾಳ ಮುಖ ಬಾಡಿತು. “ಮೆತ್ತಗಾಗಿದೆ ಕಣೇ. ನಮ್ಮಮ್ಮ ಇದನ್ನ ನಾಯಿಗೂ ಹಾಕ್ತಿರ್ಲಿಲ್ಲ. ಹೊಸದು ತುಂಬಿಸು.”

“ಕಾಲು ನೋಯ್ತಿದೆ ತಾಯಿ, ಇದೇ ಸಾಕು,” ಎಂದು ಪ್ರವಾಸಿಯೊಬ್ಬ ಗೊಣಗಿದ.

ಅಡುಗೆಮನೆಯಲ್ಲಿ ಪಾತ್ರೆಯ ಸದ್ದು ನಿಂತಿತು.

“ಅವಳಿಗೊಂದು ಕುರ್ಚಿ ಹಾಕೇ,” ಎಂದಿತು ಅಕ್ಕನ ದನಿ. “ಒಂದೊಂದಾಗಿ ತುಂಬ್ತೀನಿ. ತಡ ಆಗುತ್ತೆ ಅಂತ ಹೇಳು.”

ಅಸುಂತಾ ಕುರ್ಚಿಯನ್ನು ಅಡುಗೆಮನೆಯ ಬಾಗಿಲ ಹತ್ತಿರಕ್ಕೆ ಎಳೆದುಕೊಂಡು ಕುಳಿತಳು.